ಈ ವಯಸ್ಸಿಗೆ ಇಷ್ಟು ಸಾಕು

ಗೋದಾಮಿನ ಇಪ್ಪತ್ತು ಹೆಂಗಸರ ಹೊಟ್ಟೆಯ ಮೇಲೆ ಹೊಡೆಯಲು ಕಂಪನಿಯೇ ಬೇಕಾಗಲಿಲ್ಲ. ಮಿಂಚು ಒಬ್ಬಳೇ ಸಾಕಾದಳು. ಹಾಗಂತ ಅವಳೇ ಹೇಳಿಕೊಳ್ಳುತ್ತಿದ್ದಳು, ಕೇಳುವವರಿದ್ದರೆ. ಆ ವಾರ ಕೇಳುವವರೂ ಇರಲಿಲ್ಲ. ಡಬ್ಬಿ ಕಟ್ಟುವ ಸಾಲಿನಲ್ಲಿ ಒಬ್ಬರೂ ಅವಳಿಗೆ ಮುಖ ಕೊಟ್ಟು ಮಾತಾಡುತ್ತಿರಲಿಲ್ಲ.

ಮಿಂಚು ಅನ್ನುವುದು ಹೆತ್ತವರು ಇಟ್ಟ ಹೆಸರಲ್ಲ. ಕೈಯ ಚುರುಕು ನೋಡಿ ಸಾಲಿನವರು ಇಟ್ಟದ್ದು. ಮೊದಲು ಗೇಲಿಗೆ ಕರೆದರು, ಆಮೇಲೆ ಅದೇ ಗಟ್ಟಿಯಾಯಿತು. ಅವಳೂ ಬೇಡ ಅನ್ನಲಿಲ್ಲ. ಮೊಣಕಾಲು ಹಿಡಿದುಕೊಂಡ, ಸೊಂಟ ಬಿದ್ದುಹೋದ, ತಿಂಗಳಿಗೊಮ್ಮೆ ತಲೆಗೆ ಅಗ್ಗದ ಬಣ್ಣ ಬಳಿದುಕೊಳ್ಳುವ ಹೆಂಗಸನ್ನು ಯಾರಾದರೂ ಮಿಂಚು ಅಂತ ಕರೆದರೆ ಬೇಡ ಅನ್ನುವುದು ಹೇಗೆ? ವಯಸ್ಸು ಐವತ್ತರ ಹೊಸ್ತಿಲಲ್ಲಿತ್ತು. ಗೇಟಿನಲ್ಲಿ ಬರೆಸಿದ್ದು ನಲವತ್ತೆರಡು. ಬೆವರಿದಾಗ ತಲೆಯ ಬಣ್ಣ ಕಿವಿಯ ಹಿಂದಿನಿಂದ ಕರ್ರಗೆ ಇಳಿಯುತ್ತಿತ್ತು. ಅದನ್ನು ತೋಳಿನಿಂದ ಒರೆಸಿಕೊಂಡು, "ಗೋದಾಮಿನ ಧೂಳು ನೋಡಿ" ಅನ್ನುತ್ತಿದ್ದಳು. ಎಲ್ಲರಿಗೂ ಗೊತ್ತಿತ್ತು. ಯಾರೂ ಬಾಯಿ ಬಿಡುತ್ತಿರಲಿಲ್ಲ.

ಕೆಲಸ ಇಷ್ಟೇ. ಎಡಗಡೆಯ ಬುಟ್ಟಿಯಲ್ಲಿ ಸಾಮಾನು ಬರುತ್ತದೆ. ಚಪ್ಪಲಿ, ಟಾರ್ಚು, ಗಾಜಿನ ಜಗ್ಗು, ನಾಯಿಗೆ ತೊಡಿಸುವ ಸ್ವೆಟರು. ಎತ್ತಬೇಕು. ಸ್ಕ್ಯಾನರಿಗೆ ಹಿಡಿದು ಬೀಪ್ ಅನ್ನಿಸಬೇಕು. ರಟ್ಟು ಮಡಚಿ ಡಬ್ಬಿ ಮಾಡಬೇಕು. ಕಾಗದ ತುರುಕಬೇಕು. ಟೇಪು ಎಳೆದು ಹರಿಯಬೇಕು. ವಿಳಾಸ ಅಂಟಿಸಿ ಬಲಗಡೆಯ ಬೆಲ್ಟಿಗೆ ದಬ್ಬಬೇಕು. ಎಲ್ಲ ನಿಂತೇ. ಹಿಂದೆ ಮೇಜಿಗೊಂದು ಸ್ಟೂಲು ಇತ್ತು. ಕೂತರೆ ಕೈ ನಿಧಾನವಾಗುತ್ತದೆ ಅಂತ ಯಾರೋ ಕಂಡುಹಿಡಿದರು. ಅದನ್ನು ಕಂಡುಹಿಡಿದವನು ಕೂತೇ ಕಂಡುಹಿಡಿದಿರಬೇಕು. ಒಂದು ಬೆಳಿಗ್ಗೆ ಬಂದು ನೋಡಿದರೆ ಸ್ಟೂಲುಗಳೇ ಇರಲಿಲ್ಲ.

ಸಾಲಿನ ತುದಿಯಲ್ಲಿ ದೊಡ್ಡ ಬಿಳಿ ಹಲಗೆ. ಪ್ರತಿ ಗಂಟೆಗೆ ಬೆಲ್ ಹೊಡೆದಾಗ ಸೂಪರ್‌ವೈಸರ್ ಬಂದು ಮೇಜು ಮೇಜಿನ ಲೆಕ್ಕ ಬರೆಯುತ್ತಾನೆ. ಮೂರು ಖಾನೆ. ಗುರಿ, ಆದದ್ದು, ಕಾರಣ. ಗುರಿ ಮುಟ್ಟಿದರೆ ಹಸಿರು ಪೆನ್ನು, ಮುಟ್ಟದಿದ್ದರೆ ಕೆಂಪು ಪೆನ್ನು. ಕೆಂಪಾದರೆ ಕಾರಣ ಬರೆಯಲೇಬೇಕು. ಕರೆಂಟ್ ಹೋಯಿತು, ಸಾಮಾನು ಬರಲಿಲ್ಲ, ಯಂತ್ರ ಕೆಟ್ಟಿತು. ಈ ಮೂರೂ ಅಲ್ಲದಿದ್ದರೆ 'ಅಸಡ್ಡೆ'. ಸತತ ಮೂರು ದಿನ ಹೆಸರಿನ ಮುಂದೆ ಕೆಂಪೇ ಹೆಚ್ಚಿದ್ದರೆ ಸಂಜೆಗೆ ಒಂದು ಎಚ್ಚರಿಕೆ ಚೀಟಿ. ಮೂರನೇ ಚೀಟಿಗೆ ಕುತ್ತಿಗೆಯ ನೀಲಿ ಪಟ್ಟಿ ಬಿಚ್ಚಿಕೊಟ್ಟು ಮನೆಗೆ ಹೋಗಬೇಕು. ನೀಲಿ ಪಟ್ಟಿ ಗುತ್ತಿಗೆಯವರಿಗೆ, ಬಿಳಿ ಪಟ್ಟಿ ಆಫೀಸಿನವರಿಗೆ. ಬಿಳಿಯವರ ಪಾಯಖಾನೆ ಸಾಲಿನ ಪಕ್ಕದಲ್ಲೇ ಇತ್ತು. ನೀಲಿಯವರದು ಲಾರಿಗಳು ನಿಲ್ಲುವ ಅಂಗಳ ದಾಟಿ ಆಚೆ. ಹೋಗಿಬರುವಷ್ಟರಲ್ಲಿ ಐದಾರು ಡಬ್ಬಿ ಹೋದಂತೆ. ಅದಕ್ಕೇ ಸಾಲಿನ ಹೆಂಗಸರು ನೀರು ಕುಡಿಯುವುದನ್ನೇ ಬಿಟ್ಟಿದ್ದರು. ಉರಿ ಬಂದಾಗ ಹಲ್ಲು ಕಚ್ಚಿ ನಿಲ್ಲುತ್ತಿದ್ದರು.

ಆದರೂ ಸಾಲಿಗೆ ಒಂದು ಗುಟ್ಟು ಇತ್ತು. ವರ್ಷಕ್ಕೊಮ್ಮೆ ಗಡಿಯಾರದವನು ಬರುತ್ತಾನೆ. ಮೇಜಿನ ಪಕ್ಕ ನಿಂತು ಒಂದು ಡಬ್ಬಿಗೆ ಎಷ್ಟು ಹೊತ್ತು ಅಂತ ಅಳೆಯುತ್ತಾನೆ. ಅವನ ಅಳತೆಯೇ ಮುಂದಿನ ಗುರಿ. ಅವನು ಬಾಗಿಲಲ್ಲಿ ಕಂಡ ಕೂಡಲೇ ಮೊದಲ ಮೇಜಿನ ದೊಡ್ಡಕ್ಕ ಎರಡು ಸಲ ಕೆಮ್ಮುತ್ತಾಳೆ. ಕೆಮ್ಮು ಕೇಳಿದರೆ ಎಲ್ಲರೂ ಕೈಗೆ ನಿದ್ದೆ ಹಾಕಬೇಕು. ಹಾಗಂತ ಆಕಳಿಸುವಷ್ಟು ನಿಧಾನವಲ್ಲ. ಬೆಳಿಗ್ಗೆಯಿಂದ ಸಂಜೆಯವರೆಗೆ ಒಂದು ಹೆಣ್ಣು ಜೀವ ಎಳೆಯಬಹುದಾದ ನಿಧಾನ. ಹೊಸದಾಗಿ ಸೇರಿದವರಿಗೆ ಟೇಪು ಹರಿಯುವುದಕ್ಕಿಂತ ಮೊದಲು ಇದನ್ನು ಕಲಿಸುತ್ತಿದ್ದರು. ಆ ಪುಣ್ಯದಿಂದಲೇ ಗುರಿ ವರ್ಷಗಟ್ಟಲೆ ಗಂಟೆಗೆ ನಲವತ್ತೈದು ಡಬ್ಬಿಗೆ ನಿಂತಿತ್ತು.

ಈ ಸಲ ಬಂದವನು ಹೊಸಬ, ಎಳೆಯ. ಮೀಸೆ ಇನ್ನೂ ಬರಲೋ ಬೇಡವೋ ಅಂತ ಯೋಚಿಸುತ್ತಿತ್ತು. ದೊಡ್ಡಕ್ಕ ಕೆಮ್ಮಿದಳು. ಇಪ್ಪತ್ತು ಜೊತೆ ಕೈಗಳು ನಿದ್ದೆಗೆ ಜಾರಿದವು. ಅವನು ಸೀದಾ ಮಿಂಚುವಿನ ಮೇಜಿಗೆ ಬಂದು ನಿಂತ. ಅವಳು ನಟನೆಯಲ್ಲೂ ಹಿಂದೆ ಬಿದ್ದವಳಲ್ಲ. ಟೇಪಿನ ತುದಿ ಸಿಗಲಿಲ್ಲ ಅಂತ ಹುಡುಕಿದಳು. ಕಾಗದವನ್ನು ಕೂಸಿಗೆ ಹೊದಿಸಿದ ಹಾಗೆ ಹೊದಿಸಿದಳು. ಅವನು ಗಡಿಯಾರ ನೋಡಿದ, ಅವಳನ್ನು ನೋಡಿದ, ಕಿವಿಯ ಹಿಂದಿನ ಕರಿ ಬೆವರನ್ನೂ ನೋಡಿದ.

"ಇರ್ಲಿ ಬಿಡಿ ಅಮ್ಮ," ಅಂದ. "ಈ ವಯಸ್ಸಿಗೆ ಇಷ್ಟು ಸಾಕು."

ಅವನು ಬೈದಿದ್ದರೆ ಏನೂ ಆಗುತ್ತಿರಲಿಲ್ಲ. ಬೈಸಿಕೊಂಡು ಅವಳ ಚರ್ಮ ದಪ್ಪವಾಗಿತ್ತು. ಆದರೆ ಅವನು ಕನಿಕರಪಟ್ಟ. ಅದೂ ಸಾಲಿಗೆಲ್ಲ ಕೇಳುವಂತೆ. ಮಿಂಚುವಿಗೆ ಅಂಗಾಲಿನ ಉರಿ ನೆತ್ತಿಗೇರಿತು. ನಿದ್ದೆ ಹಾಕಿದ್ದ ಕೈಗಳು ಎದ್ದು ಕೂತವು.

ಆಮೇಲೆ ನಡೆದದ್ದು ಅವಳಿಗೇ ಸರಿಯಾಗಿ ನೆನಪಿಲ್ಲ. ರಟ್ಟು, ಕಾಗದ, ಟೇಪು, ದಬ್ಬು. ರಟ್ಟು, ಕಾಗದ, ಟೇಪು, ದಬ್ಬು. ದೊಡ್ಡಕ್ಕ ಕೆಮ್ಮಿದಳು. ಮತ್ತೆ ಕೆಮ್ಮಿದಳು. ಕ್ಷಯ ಹಿಡಿದವರ ಹಾಗೆ ಕೆಮ್ಮಿದಳು. ಪಕ್ಕದ ಮೇಜಿನಲ್ಲಿದ್ದ ಮಿಂಚುವಿನ ನಾದಿನಿ ಕೆಳಗಿನಿಂದ ಕಾಲಿಗೆ ಒದ್ದಳು. ಮಿಂಚುವಿಗೆ ಕಿವಿಯೂ ಇರಲಿಲ್ಲ, ಕಾಲೂ ಇರಲಿಲ್ಲ. ಟೇಪಿನ ಸುರುಳಿ ಮುಗಿದು ಹೊಸದು ತರಲು ಹೋದಾಗ ಗಡಿಯಾರದವನು ಟಿಕ್ ಅಂತ ಗುಂಡಿ ಒತ್ತಿ ಗಡಿಯಾರ ನಿಲ್ಲಿಸಿದ. ಸೊಂಟ ಹಿಡಿದುಕೊಂಡು ನೆಟ್ಟಗಾದಾಗಲೂ ಟಿಕ್. ಯಾಕೆ ಅಂತ ಕೇಳಿದ್ದಕ್ಕೆ, "ಅದು ಕೆಲಸ ಅಲ್ಲವಲ್ಲ ಅಮ್ಮ" ಅಂದ. ಅವಳು ತಲೆಯಾಡಿಸಿದಳು. ಹೌದೌದು ಅಂತಲೂ ಅಂದಳು.

ಲೆಕ್ಕ ಎಪ್ಪತ್ತೆರಡಕ್ಕೆ ಬಂತು. "ಅಮ್ಮ, ನೀವು ಮನುಷ್ಯರಲ್ಲ, ಮೆಷಿನ್ನು!" ಅಂದ ಅವನು.

ಆ ಮಾತಿಗೆ ಉಬ್ಬಿಹೋದಳಲ್ಲ, ಅದನ್ನು ನೆನೆದರೆ ಅವಳಿಗೆ ಈಗಲೂ ಚಪ್ಪಲಿ ತೆಗೆದು ತನ್ನ ಕೆನ್ನೆಗೆ ತಾನೇ ಬಾರಿಸಿಕೊಳ್ಳಬೇಕು ಅನ್ನಿಸುತ್ತದೆ. ಮನುಷ್ಯರಲ್ಲ ಅಂದವನಿಗೆ ಹಲ್ಲು ಕಿರಿದು ಥ್ಯಾಂಕ್ಸ್ ಹೇಳಿ ಬಂದಿದ್ದಳು.

ವಾರ ಹೊರಳುವುದರೊಳಗೆ ಹಲಗೆಯ ಮೇಲೆ ಹೊಸ ಗುರಿ ಬಂತು. ಅರವತ್ತೈದು. ಇಡೀ ಸಾಲಿಗೆ. "ನಿಮ್ಮಲ್ಲೇ ಒಬ್ಬರು ಎಪ್ಪತ್ತೆರಡು ಮಾಡಿದ್ದಾರೆ," ಅಂದ ಮ್ಯಾನೇಜರ್. "ನಾವು ಏಳು ಬಿಟ್ಟುಕೊಟ್ಟಿದ್ದೀವಿ." ಏನೋ ದಾನ ಕೊಟ್ಟವನ ಹಾಗೆ ಎದೆಯ ಮೇಲೆ ಕೈ ಇಟ್ಟುಕೊಂಡಿದ್ದ.

ಅವತ್ತಿನಿಂದ ಹಲಗೆ ಕೆಂಪಾಯಿತು. ಟೇಪಿನ ಹಲ್ಲಿಗೆ ಸಿಕ್ಕಿ ಬೆರಳುಗಳು ಹರಿದವು. ರಕ್ತ ಡಬ್ಬಿಗೆ ತಾಗಿದರೆ ಅದಕ್ಕೂ ಬೈಗುಳ. ಎಲ್ಲಕ್ಕಿಂತ ಚಂದದ ಸಂಗತಿ ಏನೆಂದರೆ ಮಿಂಚುವಿನ ಹೆಸರಿನ ಮುಂದೆಯೂ ಕೆಂಪು. ಸಿಟ್ಟಿನಲ್ಲಿ ಒಂದು ಗಂಟೆ ಕುಣಿದದ್ದನ್ನು ದಿನವಿಡೀ ಕುಣಿಯಲು ಯಾವ ಸೊಂಟ ಬಿಡುತ್ತದೆ? ಮೊದಲ ಗಂಟೆ ಅರವತ್ತು ಮುಟ್ಟುತ್ತಿದ್ದಳು. ಮಧ್ಯಾಹ್ನಕ್ಕೆ ಐವತ್ತು. ಸಂಜೆಗೆ ಕಣ್ಣು ಮಂಜು. ಸಾಲಿನ ಕುತ್ತಿಗೆಗೆ ಹಗ್ಗ ಹೊಸೆದು ಕೊಟ್ಟವಳ ಕುತ್ತಿಗೆಯೂ ಅದೇ ಹಗ್ಗದಲ್ಲಿತ್ತು.

"ಪಾಪ, ಅವಳಿಗೆ ಯಾಕೆ ಕೆಂಪು?" ಅಂತ ದೊಡ್ಡಕ್ಕ ಗಾಳಿಗೆ ಹೇಳಿದಳು. "ಅವಳು ಮೆಷಿನ್ನಲ್ವಾ. ಎಣ್ಣೆ ಬಿಟ್ಟರೆ ಸರಿಹೋಗುತ್ತೆ."

ಎಲ್ಲರೂ ನಕ್ಕರು. ನಾದಿನಿ ಮಾತ್ರ ನಗಲಿಲ್ಲ. ಮಿಂಚುವಿಗೆ ಅದೇ ಹೆಚ್ಚು ಚುಚ್ಚಿತು.

ನಾದಿನಿ ಅಂದರೆ ಗಂಡನ ತಂಗಿ. ಅವಳ ಗಂಡ ಇನ್ನೊಬ್ಬಳನ್ನು ಕಟ್ಟಿಕೊಂಡ ಮೇಲೆ ಒಂದು ಟ್ರಂಕು ಹಿಡಿದು ಅಣ್ಣನ ಮನೆಗೆ ಬಂದಿದ್ದಳು. ಇರುವುದು ಒಂದೂವರೆ ಕೋಣೆ. ಅರ್ಧ ಕೋಣೆ ಅವಳದು. ಬಂದ ಮಾರನೆಯ ದಿನವೇ, "ಅತ್ತಿಗೆ, ನಿಮ್ಮ ಅನ್ನ ಕೂತು ತಿನ್ನಲ್ಲ. ಎಲ್ಲಾದ್ರೂ ಸೇರಿಸಿ" ಅಂದಿದ್ದಳು. ಮಿಂಚುವೇ ಗೋದಾಮಿಗೆ ಕರೆತಂದು ಪಕ್ಕದ ಮೇಜಿಗೆ ನಿಲ್ಲಿಸಿದ್ದಳು. ಮೂರು ತಿಂಗಳ ಕೆಳಗೆ ನಾದಿನಿಯ ಗರ್ಭಕೋಶ ತೆಗೆದಿದ್ದರು. ಹೆಚ್ಚು ಹೊತ್ತು ನಿಲ್ಲಬಾರದು ಅಂತ ಡಾಕ್ಟರ್ ಹೇಳಿದ್ದರು. ಡಾಕ್ಟರಿಗೇನು, ಅವರಿಗೆ ಕುರ್ಚಿ ಇತ್ತು. ನಲವತ್ತೈದನ್ನು ನಾದಿನಿ ಹೇಗೋ ಮುಟ್ಟುತ್ತಿದ್ದಳು. ಅರವತ್ತೈದು ಅವಳ ಕೈಗೆ ಎಟುಕುವ ಮಾತಲ್ಲ. ಮೊದಲ ವಾರವೇ ಒಂದು ಚೀಟಿ ಬಂತು.

ಮನೆಯಲ್ಲಿ ಗಂಡ ಕೆಲಸಕ್ಕೆ ಹೊರಡಲು ಶರ್ಟಿನ ಗುಂಡಿ ಹಾಕುತ್ತಿದ್ದ. ಅವನು ಒಂದು ಬ್ಯಾಂಕಿನ ಕಾವಲುಗಾರ.

"ನೋಡು, ನನ್ನ ಕೆಲಸಾನೇ ವಾಸಿ," ಅಂದ. "ಗಂಟೆಗೆ ಎಷ್ಟು ಕಳ್ಳರು ಬಂದರು ಅಂತ ಯಾರೂ ಕೇಳಲ್ಲ."

"ನಿಮ್ಮ ಹೆಂಡತಿ ಇರೋವಾಗ ಬೇರೆ ಕಳ್ಳರು ಯಾಕೆ?" ಅಂದಳು ಮಿಂಚು. "ಇಪ್ಪತ್ತು ಜನರ ನೀರು, ನಿದ್ದೆ ಎರಡೂ ಕದ್ದಿದ್ದೀನಿ."

"ಅತ್ತಿಗೆ, ಅವನ ಕಿವೀಲಿ ನಿಮ್ಮ ನಿಜವಾದ ವಯಸ್ಸು ಹೇಳಿಬಿಟ್ಟಿದ್ರೆ ಮುಗೀತಿತ್ತು," ಅಂದಳು ನಾದಿನಿ, ಗೋಡೆಗೆ ಒರಗಿ ಹೊಟ್ಟೆಯ ಮೇಲೆ ಬಿಸಿನೀರಿನ ಬಾಟಲಿ ಇಟ್ಟುಕೊಂಡು. "ಅವನೇ ಹೆದರಿ ಗುರೀನ ಇಪ್ಪತ್ತಕ್ಕೆ ಇಳಿಸ್ತಿದ್ದ."

ಮೂವರೂ ನಕ್ಕರು. ನಗುವಾಗ ಹೊಲಿಗೆಯ ಜಾಗ ನೋಯುತ್ತದೆ ಅಂತ ನಾದಿನಿ ಅಂಗೈ ಒತ್ತಿ ಹಿಡಿದಳು. ಮಿಂಚು ನೋಡಿಯೂ ನೋಡದವಳಂತೆ ಪಾತ್ರೆ ತೊಳೆಯಲು ಕೂತಳು.

ಮರುದಿನ ಮ್ಯಾನೇಜರ್ ಅವಳನ್ನು ಗಾಜಿನ ಕೋಣೆಗೆ ಕರೆಸಿದ. ಅಲ್ಲಿಗೆ ನೀಲಿ ಪಟ್ಟಿಯವರು ಹೋಗುವುದು ಪಟ್ಟಿ ಬಿಚ್ಚಿಕೊಡುವಾಗ ಮಾತ್ರ. ಕುತ್ತಿಗೆಯ ಪಟ್ಟಿಯನ್ನು ಮುಷ್ಟಿಯಲ್ಲಿ ಹಿಡಿದೇ ಒಳಗೆ ಹೋದಳು. ಅವನು ನಕ್ಕ.

"ಗುರುವಾರ ಮೇಲಿನವರು ಬರ್ತಾರೆ. ಸಾಲಿನ ಉಳಿದವರೆಲ್ಲ ಅರವತ್ತೈದು ಆಗಲ್ಲ ಅಂತ ಗೋಳು ಹೊಯ್ಕೋತಿದ್ದಾರೆ. ನೀವು ಒಂದೇ ಒಂದು ಗಂಟೆ ಅವರ ಮುಂದೆ ಮಾಡಿ ತೋರಿಸಿ. ಸಾಕು."

"ಒಂದೇ ಗಂಟೆ?"

"ಒಂದೇ ಗಂಟೆ. ಆಮೇಲೆ ನೀವು ಸಾಲಿನ ಲೀಡರ್. ಬಿಳಿ ಪಟ್ಟಿ. ಹಲಗೆಯ ಪಕ್ಕ ಒಂದು ಕುರ್ಚಿ."

ಇಲ್ಲಿ ಅವಳು ಎದ್ದು ನಿಂತು ಎರಡು ಬಿಸಿ ಮಾತು ಆಡಿ ಬಂದಳು ಅಂತ ಬರೆಯಬಹುದಿತ್ತು. ಅವಳು ನಿಂತೇ ಇದ್ದಳು, ಏಳುವುದೆಲ್ಲಿಂದ ಬಂತು. ಕಣ್ಣ ಮುಂದೆ ಕುರ್ಚಿ ಬಂತು. ಕೈಯಿರುವ ಕುರ್ಚಿಯೋ ಕೈಯಿಲ್ಲದ್ದೋ ಅಂತ ಕೇಳಬೇಕು ಅನ್ನಿಸಿತು. ಬಿಳಿಯವರ ಪಾಯಖಾನೆ, ಎಂಟು ಹೆಜ್ಜೆ. ಬಾಯಲ್ಲಿ ನೀರೂರಿತು. ಪಾಯಖಾನೆ ನೆನೆದು ಬಾಯಲ್ಲಿ ನೀರೂರಿದ ಹೆಂಗಸು ಈ ಭೂಮಿಯ ಮೇಲೆ ತಾನೊಬ್ಬಳೇ ಇರಬೇಕು ಅಂತ ಅವಳಿಗೇ ನಗು ಬಂತು.

"ಆಗ್ಲಿ ಸಾರ್," ಅಂದುಬಿಟ್ಟಳು.

ಅಂಗಳದಾಚೆಯ ಪಾಯಖಾನೆಯಲ್ಲಿ ನಾದಿನಿ ಗೋಡೆಗೆ ಎರಡೂ ಕೈ ಕೊಟ್ಟು ತಲೆ ತಗ್ಗಿಸಿ ನಿಂತಿದ್ದಳು. ಮುಖ ಬಿಳಿಚಿಕೊಂಡಿತ್ತು. ಕೈಯಲ್ಲಿ ಮಡಚಿದ ಕಾಗದ. ಎರಡನೇ ಚೀಟಿ.

"ಹೇಳಿದ್ರು, ಕೇಳಿದೆ," ಅಂದಳು ನಾದಿನಿ. "ನಿಮಗೆ ಕುರ್ಚಿ ಕೊಡ್ತಾರಂತೆ."

ಮಿಂಚು ಹೋಗಿ ನಲ್ಲಿ ಬಿಟ್ಟಳು.

"ಒಳ್ಳೇದಾಯ್ತು ಬಿಡಿ. ಒಬ್ಬರಾದ್ರೂ ಕೂತ್ಕೊಳ್ಳಿ." ನಾದಿನಿ ನಲ್ಲಿಯಿಂದ ಮುಖಕ್ಕೆ ನೀರು ಹೊಡೆದುಕೊಂಡಳು. "ಅತ್ತಿಗೆ, ನನ್ನನ್ನ ಕಳಿಸೋ ಮುಂಚೆ ಒಂದು ಸಲ ಅದರ ಮೇಲೆ ಕೂರಿಸ್ತೀರಾ? ಹೇಗಿರುತ್ತೆ ನೋಡ್ತೀನಿ."

ಕುಟುಕು ಮಾತಾಗಿದ್ದರೆ ಮಿಂಚು ತಿರುಗಿ ಕುಟುಕುತ್ತಿದ್ದಳು. ನಾದಿನಿಗೆ ನಿಜವಾಗಿಯೂ ಕೂರಬೇಕಾಗಿತ್ತು. ಅಷ್ಟೇ.

ಗುರುವಾರ ಬಂತು. ಹಿಂದಿನ ಸಂಜೆ ಮಿಂಚು ತಲೆಗೆ ಬಣ್ಣ ಹಾಕಿದ್ದಳು. ಮನಸ್ಸಿನಲ್ಲಿ ಇನ್ನೂ ಏನೂ ತೀರ್ಮಾನ ಮಾಡಿರಲಿಲ್ಲ. ತೀರ್ಮಾನ ಮಾಡುವ ಹೆಂಗಸಾಗಿದ್ದರೆ ಇಷ್ಟೆಲ್ಲ ಆಗುತ್ತಲೇ ಇರಲಿಲ್ಲ.

ಅವಳ ಮೇಜಿನ ಸುತ್ತ ನೆಲದ ಮೇಲೆ ಹಳದಿ ಪಟ್ಟಿ ಅಂಟಿಸಿದ್ದರು. ಮೇಲಿನವರು ನಾಲ್ಕು ಜನ. ಮೈಮೇಲೆ ಹೊಸ ಜಾಕೆಟ್ಟು, ಕಾಲಲ್ಲಿ ಧೂಳು ಕಾಣದ ಬೂಟು. ಮ್ಯಾನೇಜರ್ ಕೈ ಚಾಚಿ, "ಇವರೇ ನಮ್ಮ ಮಿಂಚು" ಅಂದ. ಸಾಲಿನವರು ಇಟ್ಟ ಹೆಸರು. ಅವನ ಬಾಯಲ್ಲಿ ಕೇಳಿ ಅವಳಿಗೆ ಯಾಕೋ ಮೈ ಜುಂ ಅಂದಿತು. ತನ್ನ ಚಪ್ಪಲಿಯನ್ನು ಬೇರೆಯವರು ಮೆಟ್ಟಿ ನಡೆದ ಹಾಗೆ.

ಗಡಿಯಾರದವನು ಗುಂಡಿ ಒತ್ತಿದ. ಕೈಗಳು ಓಡಿದವು. ಅವು ಅವಳ ಅಪ್ಪಣೆ ಕೇಳಲಿಲ್ಲ. ನೋಡುವವರಿದ್ದರೆ ಓಡುವುದು ಆ ಕೈಗಳ ಹುಟ್ಟುಗುಣ. ಒಂದು, ಎರಡು, ಐದು, ಹತ್ತು. ಮೇಲಿನವರಲ್ಲಿ ಒಬ್ಬರು ಚಪ್ಪಾಳೆ ತಟ್ಟಿದರು. ಅವಳಿಗೆ ಖುಷಿಯಾಯಿತು. ಹೌದು, ಆಯಿತು. ಅಷ್ಟಾದ ಮೇಲೂ ಆಯಿತು.

ಆಗ ಪಕ್ಕದ ಮೇಜಿನಿಂದ ಟೇಪಿನ ಸುರುಳಿ ಉರುಳಿ ಅವಳ ಕಾಲ ಹತ್ತಿರ ಬಂತು. ನಾದಿನಿ ಅದನ್ನು ಎತ್ತಿಕೊಳ್ಳಲು ಬಗ್ಗಿದಳು, ಅರ್ಧಕ್ಕೇ ನಿಂತಳು. ಮೇಜಿನ ಅಂಚನ್ನು ಹಿಡಿದ ಬೆರಳುಗಳು ಬಿಳುಪೇರಿದ್ದವು. ಕಣ್ಣು ಮುಚ್ಚಿ ಉಸಿರು ಬಿಗಿಹಿಡಿದಿದ್ದಳು. ಮೇಲಿನವರು ಹಳದಿ ಪಟ್ಟಿಯ ಒಳಗೆ ಮಾತ್ರ ನೋಡುತ್ತಿದ್ದರು.

ಮಿಂಚು ಬಗ್ಗಿ ಸುರುಳಿ ಎತ್ತಿ ನಾದಿನಿಯ ಮೇಜಿನ ಮೇಲಿಟ್ಟಳು. ಗಂಟಲು ಒಣಗಿ ಕಟ್ಟಿಗೆಯಾಗಿತ್ತು. ಬೆಳಿಗ್ಗೆಯಿಂದ ಒಂದು ಹನಿ ಇಳಿದಿರಲಿಲ್ಲ. ಅವಳು ಹಳದಿ ಪಟ್ಟಿ ದಾಟಿ ಮೂಲೆಯ ನೀರಿನ ಡ್ರಮ್ಮಿನ ಕಡೆ ಹೊರಟಳು.

ಬೆನ್ನ ಹಿಂದೆ ಸದ್ದಾಯಿತು. ಟಿಕ್.

ಅವಳು ನಿಂತಳು. ನೀರು ಕುಡಿದಳು. ಒಂದಲ್ಲ, ಎರಡು ಲೋಟ. ತಿರುಗಿ ಬಂದು ಮೇಜಿನ ಮುಂದೆ ನಿಂತು ಎರಡೂ ಕೈಗಳನ್ನು ಮೇಜಿನ ಮೇಲೆ ಮಗುಚಿ ಇಟ್ಟಳು.

"ಶುರು ಮಾಡಿ ಅಮ್ಮ," ಅಂದ ಗಡಿಯಾರದವನು.

"ಗಡಿಯಾರ ಯಾಕೆ ನಿಲ್ಸಿದೆ?"

"ನೀವು ನೀರಿಗೆ ಹೋದ್ರಲ್ಲ. ಅದು ಕೆಲಸ ಅಲ್ವಲ್ಲ."

"ನೀರಿಗೆ ಹೋಗಿದ್ದು ಯಾರು? ನನ್ನ ಪಕ್ಕದ ಮನೆಯವಳಾ?"

ಯಾರೋ ಕಿಸಕ್ಕನೆ ನಕ್ಕರು. ಮ್ಯಾನೇಜರ್ ಮುಂದೆ ಬಂದು ಮೆಲ್ಲಗೆ, "ಇದೆಲ್ಲ ಆಮೇಲೆ. ಈಗ ಮಾಡಿ" ಅಂದ.

"ಮಾಡ್ತೀನಿ. ನಾನು ನೀರಿಗೆ ಹೋದಾಗಿಂದ ಹೊತ್ತು ಸೇರಿಸಿ ಅವನು ಗುಂಡಿ ಒತ್ಲಿ. ಗಡಿಯಾರ ಓಡದೆ ನನ್ನ ಕೈ ಓಡಲ್ಲ."

"ಮಿಂಚು..."

"ಆ ಹೆಸರಲ್ಲಿ ಕರೀಬೇಡಿ. ಅದು ನಮ್ಮವರು ಇಟ್ಟಿದ್ದು." ಹೇಳಬೇಕಾದದ್ದು ಬಹಳ ಇತ್ತು, ಬಂದದ್ದು ಅಡ್ಡಾದಿಡ್ಡಿಯಾಗಿ ಬಂತು. "ಅವತ್ತು ನಾನು ಎಪ್ಪತ್ತೆರಡು ಕಟ್ಟಿದ್ದು ನಿಜ. ಬೆಳಿಗ್ಗೆಯಿಂದ ಉಚ್ಚೆ ಹೊಯ್ದಿರಲಿಲ್ಲ. ನೀರು ಮುಟ್ಟಿರಲಿಲ್ಲ. ಈ ಕೂಸು ನನಗೆ ವಯಸ್ಸಾಯ್ತು ಅಂತು, ನನಗೆ ತಲೆಕೆಟ್ಟಿತು. ಹೋರಿ ಹಾಗೆ ನುಗ್ಗಿದೆ. ನೀವು ಅಳೆದಿದ್ದು ನನ್ನ ಸಿಟ್ಟನ್ನ, ಕೆಲಸಾನಲ್ಲ. ನನ್ನ ಒಂದು ಗಂಟೆ ಹುಚ್ಚಿಗೆ ಇವರೆಲ್ಲ ದಿನಾ ಸಾಯ್ಬೇಕಾ? ಇವಳು," ನಾದಿನಿಯ ಕಡೆ ಕೈ ಮಾಡಿದಳು, "ಹೊಟ್ಟೆ ಕುಯ್ಸಿಕೊಂಡು ಬಂದು ನಿಂತಿದ್ದಾಳೆ. ಸಾಯಂಕಾಲ ಇವಳಿಗೆ ಮೂರನೇ ಚೀಟಿ. ಕಾರಣ ಏನು ಬರೀತೀರಿ? ಅಸಡ್ಡೆ!"

ಮ್ಯಾನೇಜರಿನ ಮುಖ ಕೆಂಪಾಯಿತು. "ಹೊರಗೆ ಹೋಗ್ತೀಯಾ, ಕೆಲಸ ಮಾಡ್ತೀಯಾ?" ಬಹುವಚನ ಹಾರಿಹೋಗಿತ್ತು. "ನೀನಿಲ್ಲದಿದ್ರೆ ಇನ್ನೊಬ್ಬಳು ಮಾಡ್ತಾಳೆ."

ಮೊದಲ ಮೇಜಿನಿಂದ ಕೆಮ್ಮು ಕೇಳಿಸಿತು. ಎರಡು ಸಲ.

ಟೇಪು ಹರಿಯುವ ಸದ್ದು ನಿಂತಿತು. ಮಿಂಚು ತಲೆ ಎತ್ತಿ ನೋಡಿದಳು. ಸಾಲಿನುದ್ದಕ್ಕೂ ಕೈಗಳು ಮೇಜಿನ ಮೇಲೆ ಮಗುಚಿ ಬಿದ್ದಿದ್ದವು. ನಿದ್ದೆ ಹಾಕಿದ್ದಲ್ಲ. ಈ ಸಲ ಪೂರ್ತಿ ನಿಂತಿದ್ದವು. ವಾರದಿಂದ ಅವಳ ಮುಖ ನೋಡದವರು ಈಗ ಅವಳನ್ನೇ ನೋಡುತ್ತಿದ್ದರು. ದೊಡ್ಡಕ್ಕನ ಕಣ್ಣಲ್ಲಿ ಬೈಗುಳ ಹಾಗೇ ಇತ್ತು. ಕೈ ಮಾತ್ರ ಮಗುಚಿತ್ತು.

ಬೆಲ್ಟು ಬರಿದೇ ಓಡಿತು. ಆಚೆ ಅಂಗಳದಲ್ಲಿ ಲಾರಿಯವನು ಹಾರ್ನ್ ಒತ್ತಿದ. ಮತ್ತೆ ಒತ್ತಿದ. ಮೇಲಿನವರಲ್ಲಿ ಒಬ್ಬರು ಕೈಗಡಿಯಾರ ನೋಡಿಕೊಂಡು ಮ್ಯಾನೇಜರಿಗೆ ಏನೋ ಹೇಳಿದರು. ಮ್ಯಾನೇಜರ್ ಗಡಿಯಾರದವನ ಕಡೆ ನೋಡದೆಯೇ, "ಒತ್ತಯ್ಯ. ಹೋದ ಹೊತ್ತೂ ಸೇರಿಸು" ಅಂದ.

ಟಿಕ್.

ಮಿಂಚು ಖಾಲಿ ಬುಟ್ಟಿಯೊಂದನ್ನು ಎಳೆದು ನಾದಿನಿಯ ಮೇಜಿನ ಹಿಂದೆ ಬೋರಲು ಹಾಕಿದಳು.

"ಕೂತ್ಕೋ."

"ಬೇಡ ಅತ್ತಿಗೆ, ಬೈತಾರೆ."

"ಕೂತ್ಕೋ ಅಂದೆ. ಕುರ್ಚಿ ಕೊಡ್ಸೋ ಯೋಗ್ಯತೆ ನನಗಿಲ್ಲ. ಬುಟ್ಟಿ ಕೊಡಿಸ್ತೀನಿ."

ನಾದಿನಿ ಕೂತಳು. ಕೂತವಳ ಬಾಯಿಂದ ಒಂದು ಉಸಿರು ಬಂತು. ಅದು ಮೇಲಿನವರಿಗೂ ಕೇಳಿಸಿತು.

ಆಮೇಲೆ ಸಾಲು ಕೆಲಸ ಮಾಡಿತು. ಎಲ್ಲರೂ ಒಂದೇ ಸಮನೆ ಮಾಡಿದರು. ಯಾರೂ ಓಡಲಿಲ್ಲ, ಯಾರೂ ನಟಿಸಲಿಲ್ಲ. ಬೆನ್ನು ನೋವಾದಾಗ ನೆಟ್ಟಗಾದರು. ಬೆರಳು ಕುಯ್ದಾಗ ಬಟ್ಟೆ ಸುತ್ತಿಕೊಂಡರು. ಮಿಂಚು ಅಂಗಳ ದಾಟಿ ಹೋಗಿ ಬಂದಳು. ಹೋಗುವಾಗ, ಎಲ್ಲಿಗೆ ಅಂತ ಗಡಿಯಾರದವನು ಕಣ್ಣಲ್ಲೇ ಕೇಳಿದ. "ಬೇಕಾದ್ರೆ ಗಡಿಯಾರ ಹಿಡ್ಕೊಂಡು ಜೊತೆಗೆ ಬಾಪ್ಪ" ಅಂದಳು. ಹುಡುಗ ಕಿವಿಯವರೆಗೆ ಕೆಂಪಾದ. ಅವಳ ಕುತ್ತಿಗೆಯ ಮೇಲೆ ಕರಿ ಬೆವರು ಇಳಿದು ನೀಲಿ ಪಟ್ಟಿಯನ್ನೂ ಮಸಿ ಮಾಡಿತು. ಒರೆಸಿಕೊಳ್ಳಲಿಲ್ಲ.

ಬೆಲ್ ಹೊಡೆಯಿತು. ಸೂಪರ್‌ವೈಸರ್ ಹಲಗೆಯ ಮುಂದೆ ನಿಂತು ಕೆಂಪು ಪೆನ್ನಿನ ಮುಚ್ಚಳ ತೆಗೆದ. ಹಸಿರಿನದು ಅವತ್ತು ಬೇಕಾಗಲಿಲ್ಲ. ನಾದಿನಿ, ಮೂವತ್ತೊಂಬತ್ತು. ಮಿಂಚು, ಮೂವತ್ತೆಂಟು.

"ಅತ್ತಿಗೆ," ಅಂದಳು ನಾದಿನಿ ಬುಟ್ಟಿಯ ಮೇಲಿನಿಂದ, "ನಿಮಗಿಂತ ಒಂದು ಹೆಚ್ಚು!"

"ಕೂತು ಮಾಡಿದ್ದೀಯ. ಅದು ಆಟಕ್ಕಿಲ್ಲ," ಅಂದಳು ಮಿಂಚು. ನಿಜಕ್ಕೂ ಸ್ವಲ್ಪ ಹೊಟ್ಟೆಕಿಚ್ಚಾಯಿತು.

"ಎಲ್ಲರಿಗೂ ಅಸಡ್ಡೆ ಅಂತ ಬರಿ," ಅಂದ ಮ್ಯಾನೇಜರ್. "ಎಲ್ಲರಿಗೂ ಚೀಟಿ."

ಸೂಪರ್‌ವೈಸರ್ ಬರೆಯಲಿಲ್ಲ. ದನಿ ತಗ್ಗಿಸಿ, "ಸಾರ್, ಅರ್ಧಕ್ಕರ್ಧ ಜನಕ್ಕೆ ಇದು ಮೂರನೇದಾಗುತ್ತೆ. ನಾಳೆ ಡಬ್ಬಿ ಯಾರು ಕಟ್ತಾರೆ? ನಾನಾ?" ಅಂದ. ಲಾರಿ ಮತ್ತೆ ಹಾರ್ನ್ ಹೊಡೆಯಿತು. ಮ್ಯಾನೇಜರ್ ಮೇಲಿನವರ ಕಡೆ ನೋಡಿದ. ಅವರು ತಮ್ಮ ಬೂಟು ನೋಡಿಕೊಳ್ಳುತ್ತಿದ್ದರು.

"ಇವತ್ತು ಚೀಟಿ ಬೇಡ," ಅಂದ ಕೊನೆಗೆ. "ಆದ್ರೆ ಕಾರಣ ಬರೀಲೇಬೇಕು. ಏನಾದ್ರೂ ಬರಿ."

ಸೂಪರ್‌ವೈಸರ್ ಮಿಂಚುವಿನ ಕಡೆ ತಿರುಗಿದ. "ಏನಂತ ಬರೀಲಿ? ಕರೆಂಟ್ ಇತ್ತು. ಸಾಮಾನು ಬಂತು. ಯಂತ್ರ ಕೆಟ್ಟಿಲ್ಲ."

ಮಿಂಚು ಗಡಿಯಾರದವನನ್ನು ನೋಡಿದಳು. ಅವನು ತಲೆ ತಗ್ಗಿಸಿದ. ಒಂದೇ ಒಂದು ಮಾತು. ಯಾವುದಕ್ಕೆ ಮೈಯೆಲ್ಲ ಉರಿದು ಇಪ್ಪತ್ತು ಜನರನ್ನು ಸುಟ್ಟಿದ್ದಳೋ ಅದೇ ಮಾತು. ಅದನ್ನು ಹೇಳುವುದಕ್ಕಿಂತ ಎಪ್ಪತ್ತೆರಡು ಡಬ್ಬಿ ಕಟ್ಟುವುದು ಸುಲಭವಿತ್ತು.

"ವಯಸ್ಸಾಯ್ತು ಅಂತ ಬರಿ," ಅಂದಳು. "ನಲವತ್ತೆರಡಲ್ಲ. ನಲವತ್ತೊಂಬತ್ತು."

ಸೂಪರ್‌ವೈಸರ್ ಬರೆದ. ವಯಸ್ಸು.

"ನನಗೂ ಅದೇ," ಅಂದಳು ನಾದಿನಿ.

"ನನ್ನದು ಕೇಳಲೇಬೇಡ, ಸುಮ್ಮನೆ ಬರಿ," ಅಂದಳು ದೊಡ್ಡಕ್ಕ.

ಒಬ್ಬೊಬ್ಬರಾಗಿ ಹೇಳುತ್ತಾ ಹೋದರು. ಸೂಪರ್‌ವೈಸರನ ಕೈ ಕಾರಣದ ಖಾನೆಯಲ್ಲಿ ಕೆಳಗೆ ಕೆಳಗೆ ಇಳಿಯಿತು. ಕೊನೆಯ ಮೇಜಿಗೆ ಬಂದಾಗ ಅವನು ಪೆನ್ನು ಹಿಡಿದು ನಿಂತ. ಅಲ್ಲಿದ್ದವಳು ಸಾಲಿನಲ್ಲೇ ಚಿಕ್ಕವಳು, ಎರಡು ಜಡೆಯವಳು. ಹತ್ತೊಂಬತ್ತು ತುಂಬಿತ್ತೋ ಇಲ್ಲವೋ.

"ನಿನಗೆ?" ಅಂದ.

ಅವಳು ಟೇಪು ಕುಯ್ದ ಎರಡೂ ಅಂಗೈಗಳನ್ನು ಎತ್ತಿ ತೋರಿಸಿದಳು.

"ನನಗೂ ವಯಸ್ಸಾಯ್ತು ಸಾರ್," ಅಂದಳು. "ಇಲ್ಲಿಗೆ ಬಂದ ಮೇಲೆ."

ಅವನು ಆ ಕೈಗಳನ್ನು ನೋಡಿದ. ಬರೆದ.

ಮುಂದಿನ ಗಂಟೆ ಶುರುವಾಯಿತು. ಮಿಂಚು ಮೊದಲು ಹೋಗಿ ನೀರು ಕುಡಿದಳು.